ಕಾಲ್ ಅಂದರೆ ನಿನ್ನೆ

ನಮ್ಮ ಅತ್ತೆಯ ಜೊತೆ ನಾನು ಇಪ್ಪತ್ತು ವರ್ಷಕ್ಕೂ ಮೇಲೆ ಜಗಳವಾಡಿದ್ದೇನೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಇಲ್ಲದಿದ್ದರೆ ಮುಂದಿನದನ್ನು ಓದಿ ಯಾರಾದರೂ ನನ್ನನ್ನು ಮಹಾ ಸಾಧ್ವಿ ಸೊಸೆ ಅಂದುಕೊಂಡಾರು. ರೊಟ್ಟಿ ದಪ್ಪವಾಯಿತು ಅಂತ ಜಗಳ, ಕಾಲೇಜಿನಿಂದ ಬರುವುದು ತಡವಾಯಿತು ಅಂತ ಜಗಳ, ತಲೆಯ ಮೇಲೆ ಸೆರಗು ನಿಲ್ಲುವುದಿಲ್ಲ ಅಂತ ಜಗಳ. ಎಲ್ಲಕ್ಕಿಂತ ದೊಡ್ಡ ಜಗಳ ನನ್ನ ಮಾತಿನದು. ನಾನು ಜೇವರ್ಗಿಯವಳು. ನಮ್ಮ ತವರುಮನೆಯ ಓಣಿಯಲ್ಲಿ ಅರ್ಧದಷ್ಟು ಮುಸ್ಲಿಮರ ಮನೆಗಳು, ಹಾಗಾಗಿ ನನ್ನ ಕನ್ನಡದಲ್ಲಿ ಉರ್ದು ಧಾರಾಳವಾಗಿ ಬೆರೆತಿತ್ತು. ಮದುವೆಯಾಗಿ ಅಫಜಲಪುರಕ್ಕೆ ಬಂದ ಹೊಸತರಲ್ಲಿ, ಉಪ್ಪಿನ ಡಬ್ಬಿ ಎಲ್ಲಿಟ್ಟೆ ಅಂತ ಅತ್ತೆ ಕೇಳಿದರೆ “ಯಾದ್ ಇಲ್ರೀ ಅತ್ತಿ” ಅಂದುಬಿಟ್ಟೆ.

“ಯಾದ್ ಅಂದ್ರೇನಬೇ? ನೆನಪು ಅನ್ನಾಕ ನಾಲಿಗಿ ಹೊಳ್ಳಂಗಿಲ್ಲೇನು? ಈ ಮನ್ಯಾಗ ಚೊಕ್ಕ ಕನ್ನಡ ಮಾತಾಡಬೇಕು ನೋಡು.”

ಡಿಗ್ರಿ ಮುಗಿಸಿ ಬಂದವಳಿಗೆ ಹೀಗೆ ಅನ್ನಿಸಿಕೊಂಡರೆ ಮೈ ಉರಿಯುವುದಿಲ್ಲವೆ? ಉರಿಯಿತು. ಬೇಕೆಂದೇ ಮರುದಿನದಿಂದ ಇನ್ನಷ್ಟು ಉರ್ದು ಸೇರಿಸಿ ಮಾತಾಡತೊಡಗಿದೆ.

ಕನ್ನಡದ ಮೇಲೆ ಇಷ್ಟೊಂದು ಕಾವಲು ಕಾಯುವ ಈ ಹೆಂಗಸು ಹುಟ್ಟಿದ್ದು ಕನ್ನಡದ ಮನೆಯಲ್ಲಲ್ಲ ಅನ್ನುವುದು ನನಗೆ ತಿಳಿದದ್ದು ಎಷ್ಟೋ ದಿನಗಳ ನಂತರ. ಅತ್ತೆಯ ತವರು ಆಳಂದದಿಂದ ಆಚೆ, ಮಹಾರಾಷ್ಟ್ರದ ಗಡಿಗೆ ಹತ್ತಿಕೊಂಡ ಒಂದು ಹಳ್ಳಿ. ಅಲ್ಲಿಯವರು ವಿಭೂತಿ ಹಚ್ಚುವವರು, ಲಿಂಗ ಕಟ್ಟುವವರು, ಎಲ್ಲ ನಮ್ಮ ಹಾಗೆಯೇ. ಆದರೆ ಮನೆಮಾತು ಮರಾಠಿ. ಹದಿನೈದೋ ಹದಿನಾರೋ ವರ್ಷದ ಹುಡುಗಿಯಾಗಿ, ಕನ್ನಡದ ಒಂದಕ್ಷರ ಗೊತ್ತಿಲ್ಲದೆ, ಅವರು ಈ ಮನೆಗೆ ಬಂದಿದ್ದರು. ನಾನು ಬರುವಷ್ಟರಲ್ಲಿ ಆ ಹುಡುಗಿಯ ಗುರುತೇ ಉಳಿದಿರಲಿಲ್ಲ. ತವರಿನಿಂದ ಫೋನು ಬಂದರೂ ಅವರು ಕನ್ನಡದಲ್ಲೇ ಉತ್ತರ ಕೊಡುತ್ತಿದ್ದರು, ಆ ಕಡೆಯವರು ಮರಾಠಿಯಲ್ಲಿ ಮಾತಾಡುತ್ತಿದ್ದರು.

ನನ್ನ ನೌಕರಿ ಪಿಯು ಕಾಲೇಜಿನಲ್ಲಿ ಇತಿಹಾಸ ಹೇಳುವುದು. ಮೊದಲ ವರ್ಷದವರಿಗೆ ಯುರೋಪಿನ ಪಾಠ ಬರುತ್ತದೆ: ಇಟಲಿಯ ಏಕೀಕರಣ, ಜರ್ಮನಿಯ ಏಕೀಕರಣ. ಸೊನ್ನ, ಕರಜಗಿ ಕಡೆಯಿಂದ ಮುಂಜಾನೆಯ ಬಸ್ಸಿಗೆ ನೇತಾಡಿಕೊಂಡು ಬರುವ ಮಕ್ಕಳಿಗೆ ಆಲ್ಪ್ಸ್ ಪರ್ವತ ತೋರಿಸುವುದೆಲ್ಲಿಂದ? ನಾನು ಭೀಮಾ ನದಿ ತೋರಿಸುತ್ತೇನೆ. ಆಚೆ ದಂಡೆಗೆ ಇಂಗ್ರೇಜಿ ಸರಕಾರವಿತ್ತು, ಈಚೆಗೆ ನಿಜಾಮರದು, ನಿಮ್ಮ ಮುತ್ತ್ಯಾ ಒಂದು ಚೀಲ ಜೋಳ ದಾಟಿಸಬೇಕಾದರೂ ನಾಕಾದಲ್ಲಿ ಸುಂಕ ಕಟ್ಟಬೇಕಿತ್ತು, ಜರ್ಮನಿ ಅನ್ನುವುದು ಮೊದಲು ಇಂಥ ನಾಕಾಗಳ ಊರಾಗಿತ್ತು ಅಂತ ಹೇಳಿದರೆ ಅವರಿಗೆ ತಟ್ಟನೆ ತಿಳಿಯುತ್ತದೆ. ಹರಕು ತುಂಡುಗಳನ್ನೆಲ್ಲ ಕೂಡಿಸಿ ಒಂದು ದೇಶ ಹೊಲಿದ ಕಥೆ ಹೇಳುವಾಗ ನನಗೂ ಹುರುಪು ಬರುತ್ತಿತ್ತು. ಕೊನೆಗೆ “ಇಟಲಿ ಒಂದಾಯಿತು” ಅಂದಾಗ ಹುಡುಗರು ಚಪ್ಪಾಳೆ ಹೊಡೆದದ್ದೂ ಉಂಟು.

ಆ ಪಾಠದಲ್ಲಿ ಒಂದು ಸಂಗತಿಯನ್ನು ನಾನು ರುಚಿಗೆಂದು ಸೇರಿಸುತ್ತಿದ್ದೆ. ಇಟಲಿಯನ್ನು ಒಂದು ಮಾಡಲು ಕೆಂಪಂಗಿ ತೊಟ್ಟ ದಂಡು ಕಟ್ಟಿಕೊಂಡು ಹೋರಾಡಿದ ನಾಯಕನ ಹುಟ್ಟೂರನ್ನೇ, ಆ ಏಕೀಕರಣದ ಸಲುವಾಗಿ ನಡೆದ ಒಪ್ಪಂದದಲ್ಲಿ ಫ್ರಾನ್ಸಿಗೆ ಬಿಟ್ಟುಕೊಟ್ಟರು. ದೇಶ ಸಿಕ್ಕಿತು, ಊರು ಹೋಯಿತು.

“ಅಂವಾ ಏನ್ ಮಾಡಿದಾರಿ ಮೇಡಮ್?” ಅಂತ ಒಬ್ಬಳು ಕೇಳಿದ್ದಳು.

“ಸಿಟ್ಟಿಗೆದ್ದ. ಏನೂ ಮಾಡಾಕ ಆಗಲಿಲ್ಲ” ಅಂದಿದ್ದೆ. ಎಲ್ಲರೂ ನಕ್ಕರು, ನಾನೂ ನಕ್ಕೆ. ಈಗ ಆ ಪಾಠ ಹೇಳುವಾಗ ನಗು ಬರುವುದಿಲ್ಲ.

ಹೋದ ವರ್ಷ ಚಳಿಗಾಲದ ಒಂದು ಮುಂಜಾನೆ ಅತ್ತೆ ಪೂಜೆಗೆ ಕೂತಲ್ಲೇ ಪಕ್ಕಕ್ಕೆ ವಾಲಿದರು. ಲಕ್ವಾ ಹೊಡೆದಿತ್ತು. ಕಲಬುರಗಿಯ ಆಸ್ಪತ್ರೆಯಲ್ಲಿ ಕೆಲವು ದಿನ ಇಟ್ಟುಕೊಂಡು ಕಳಿಸಿದರು. ಬಲಗೈ ಬಿದ್ದುಹೋಗಿತ್ತು, ಬಾಯಿ ಒಂದಿಷ್ಟು ಸೊಟ್ಟಗಾಗಿತ್ತು. ಮಾತು ಬರುತ್ತದೆ, ಕಾಯಿರಿ ಅಂದರು. ಕಾದೆವು. ಬಂತು. ಬಂದ ಮಾತು ನಮಗ್ಯಾರಿಗೂ ತಿಳಿಯಲಿಲ್ಲ.

ನಾಲಿಗೆ ತೊದಲುತ್ತಿದ್ದುದರಿಂದ, ಅವರು ಬೇರೆ ಭಾಷೆ ಆಡುತ್ತಿದ್ದಾರೆ ಅನ್ನುವುದೇ ನಮಗೆ ಹೊಳೆಯಲಿಲ್ಲ. ಕೆಟ್ಟುಹೋದ ಕನ್ನಡವೆಂದೇ ತಿಳಿದು ಅದರಲ್ಲಿ ಕನ್ನಡ ಹುಡುಕತೊಡಗಿದೆವು. ಒಂದು ಶಬ್ದ ಮಾತ್ರ ಸ್ಪಷ್ಟವಾಗಿ ಬರುತ್ತಿತ್ತು.

“ಕಾಲ್... ಕಾಲ್...”

ಕಾಲು ನೋಯುತ್ತಿದೆ, ಇನ್ನೇನು! ನಾನು ಎಣ್ಣೆ ಬಿಸಿ ಮಾಡಿಕೊಂಡು ಬಂದು ಎರಡೂ ಕಾಲು ತಿಕ್ಕಿದೆ. ಅವರು ಮತ್ತೆ “ಕಾಲ್” ಅಂದರು. ನನ್ನ ಗಂಡ ಹಿಮ್ಮಡಿಯಿಂದ ಮೊಣಕಾಲಿನ ತನಕ ಒತ್ತಿದರು. ಅತ್ತೆ ಸರಿಯಿದ್ದ ಎಡಗಾಲಿನಿಂದ ಮಗನ ಎದೆಗೆ ಒದ್ದರು. ನೋವು ಬಹಳ ಇರಬೇಕು ಅಂದುಕೊಂಡು ಮತ್ತೆ ಕಾರು ಮಾಡಿಸಿ ಕಲಬುರಗಿಗೆ ಒಯ್ದು ಎಕ್ಸ್‌ರೇ ತೆಗೆಸಿದೆವು. ಕಾಲಿಗೇನೂ ಆಗಿಲ್ಲ ಅಂದರು ಡಾಕ್ಟರು. ಅಷ್ಟರಲ್ಲಿ ಅತ್ತೆ ಊಟ ಬಿಟ್ಟಿದ್ದರು. ಗಂಜಿ ಬಾಯಿಗೆ ಹಿಡಿದರೆ ತುಟಿ ಬಿಗಿದು ಬಾಗಿಲ ಕಡೆ ನೋಡುತ್ತಿದ್ದರು. ಹೀಗೇ ಉಣ್ಣದೆ ಹೋದರೆ ಮೂಗಿಗೆ ನಳಿಕೆ ಹಾಕಬೇಕಾಗುತ್ತದೆ, ಈ ವಯಸ್ಸಿಗೆ ಅದು ಒಳ್ಳೆಯದಲ್ಲ ಅಂತ ಡಾಕ್ಟರು ಹೇಳಿ ಕಳಿಸಿದರು. ಅಂದಿನಿಂದ ನಮ್ಮ ಮನೆಯಲ್ಲಿ ಇದ್ದದ್ದು ಒಂದೇ ಮಾತು: ಇವತ್ತು ಏನಾದರೂ ಉಂಡರಾ?

ಮನೆಗೆ ಬಂದ ಮೇಲೆ ಇನ್ನೊಂದು ಶಬ್ದ ಶುರುವಾಯಿತು. “ಆಯಿ.”

ನಮ್ಮ ಕಡೆ ಆಯಿ ಅಂದರೆ ಅಜ್ಜಿ. ನನ್ನ ಮಗಳು ಹೈಸ್ಕೂಲಿನವಳು, ಹುಟ್ಟಿದಾಗಿನಿಂದ ನಮ್ಮ ಅತ್ತೆಯನ್ನು ಆಯಿ ಅಂತಲೇ ಕರೆದವಳು. ಅವಳು ಹಾಸಿಗೆಯ ಅಂಚಿಗೆ ಕೂತು “ಆಯಿ ಅಂದ್ರ ನೀನ ಅಲ್ಲೇನಬೇ? ನಿನ್ನ ನೀನ ಯಾಕ ಕರ್ಕೊಳ್ಳಾಕತ್ತಿ?” ಅಂತ ಕೇಳಿ, ನಕ್ಕು, ಆಮೇಲೆ ಒಳಗೆ ಹೋಗಿ ಅತ್ತಳು.

ನೋಡಲು ಬಂದ ಓಣಿಯ ಹೆಂಗಸರು ಬೇರೆ ಅರ್ಥ ಮಾಡಿದರು. ಈ ಮನೆಯಲ್ಲಿ ಎಲ್ಲರ ಬಾಯಲ್ಲೂ ಆಯಿ ಅನ್ನಿಸಿಕೊಂಡು ಆಳಿದವರು ನಮ್ಮ ಅತ್ತೆಯ ಅತ್ತೆ. ಅವರು ತೀರಿಕೊಂಡು ಬಹಳ ವರ್ಷಗಳಾಗಿವೆ, ಪಡಸಾಲೆಯಲ್ಲಿ ಅವರ ಫೋಟೊ ಇದೆ. ಹಿರಿಯರು ಕರೆಯುತ್ತಿದ್ದಾರೆ, ಅದಕ್ಕೇ ಇವರು ಹೀಗೆ ಹಂಬಲಿಸುತ್ತಿದ್ದಾರೆ, ಒಮ್ಮೆ ಮುಖ ತೋರಿಸಿಬಿಡಿ ಅಂದರು. ಇತಿಹಾಸ ಓದಿದವಳು ನಾನು, ಇಂಥದ್ದನ್ನೆಲ್ಲ ನಂಬುವವಳಲ್ಲ. ಆದರೆ ಗಂಟಲಿಗೆ ಒಂದು ಚಮಚ ನೀರು ಇಳಿಯದ ಮುದುಕಿಯ ಮುಂದೆ ನನ್ನ ನಂಬಿಕೆಯನ್ನು ಯಾರು ಕೇಳಬೇಕು? ಫೋಟೊ ಇಳಿಸಿ, ಧೂಳು ಒರೆಸಿ, ಅತ್ತೆಯ ಕಣ್ಣೆದುರಿಗೆ ಹಿಡಿದೆ.

“ನೋಡ್ರೀ ಅತ್ತಿ, ಆಯಿ ಇಲ್ಲೇ ಅದಾರ.”

ಅತ್ತೆ ಫೋಟೊ ನೋಡಿದರು. ಅವರ ಮುಖ ಸಣ್ಣದಾಯಿತು. ಸರಿಯಿದ್ದ ಕೈಯಿಂದ ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಕಣ್ಣು ಮುಚ್ಚಿದರು. ನಾನು ಫೋಟೊ ಹಿಡಿದುಕೊಂಡು ಅಲ್ಲೇ ನಿಂತಿದ್ದೆ. ಏನು ತಪ್ಪಾಯಿತು ಅನ್ನುವುದು ಗೊತ್ತಾಗಲಿಲ್ಲ, ಏನೋ ತಪ್ಪಾಗಿದೆ ಅನ್ನುವುದು ಮಾತ್ರ ಗೊತ್ತಾಯಿತು.

ಕೊನೆಗೆ ನನ್ನ ಗಂಡ ಸೋದರಮಾವನಿಗೆ ಫೋನು ಮಾಡಿದರು. ಇವರು ಅತ್ತೆಯ ತಮ್ಮ, ಎಪ್ಪತ್ತರ ಹತ್ತಿರದವರು, ಆ ಗಡಿಯ ಹಳ್ಳಿಯಲ್ಲೇ ಒಕ್ಕಲುತನ ಮಾಡಿಕೊಂಡಿರುವವರು. ಆಳಂದಕ್ಕೆ ಬಂದು, ಚೌಡಾಪುರದಲ್ಲಿ ಬಸ್ಸು ಬದಲಿಸಿ, ಮಧ್ಯಾಹ್ನದ ಹೊತ್ತಿಗೆ ಬಂದಿಳಿದರು. ಅಕ್ಕನ ಪಕ್ಕ ಕೂತು, ಕಿವಿಗೊಟ್ಟು ಸ್ವಲ್ಪ ಹೊತ್ತು ಕೇಳಿದರು. ಆಮೇಲೆ ತಲೆಯ ಮೇಲಿನ ಟೋಪಿ ತೆಗೆದು ತೊಡೆಯ ಮೇಲಿಟ್ಟುಕೊಂಡರು.

“ಹುಚ್ಚರದಿರೇನು ನೀವು? ಅಕ್ಕ ಮರಾಠಿ ಮಾತಾಡಾಕತ್ತಾಳ. ಕಾಲ್ ಅಂದ್ರ ಕಾಲಲ್ಲ. ಕಾಲ್ ಅಂದ್ರ ನಿನ್ನಿ. ಆಯಿ ಅಂದ್ರ ಅವ್ವ. ನಿನ್ನಿ ಅವ್ವ ಬರ್ತೇನಿ ಅಂದಿದ್ಲು, ಇನ್ನೂ ಬಂದಿಲ್ಲ, ಅವ್ವ ಬರೂ ತನಕ ನಾ ಉಣ್ಣಂಗಿಲ್ಲ. ಇಷ್ಟ ಅನ್ನಾಕತ್ತಾಳ.”

ಆಯಿ ಅಂದರೆ ತಾಯಿ ಅನ್ನುವಷ್ಟು ಮರಾಠಿ ನಮಗೆ ಗೊತ್ತಿಲ್ಲವೆಂದಲ್ಲ. ನನ್ನ ಗಂಡ ತೊಗರಿಯ ಅಡತಿ ವ್ಯಾಪಾರಕ್ಕೆಂದು ಸೊಲ್ಲಾಪುರಕ್ಕೆ ಹೋಗಿಬರುವವರು, ದರ ಕೇಳುವಷ್ಟು, ತೂಕ ತಪ್ಪಿದರೆ ಬಯ್ಯುವಷ್ಟು ಮರಾಠಿ ಅವರಿಗೆ ಬರುತ್ತದೆ. ಆದರೆ ತಾಯಿಯ ಬಾಯಲ್ಲಿ ಅದನ್ನು ಅವರು ಒಮ್ಮೆಯೂ ಕೇಳಿರಲಿಲ್ಲ. ಕೇಳದ್ದನ್ನು ಕಿವಿ ಹುಡುಕುವುದಾದರೂ ಹೇಗೆ? ಆ ದಿನ ಅವರು ಅಂಗಳಕ್ಕೆ ಹೋಗಿ ನಿಂತರು. ಹಿಂದೆಯೇ ಹೋದೆ. “ನಮ್ಮವ್ವನ ಮಾತು ನನಗ ತಿಳಿವಲ್ದು” ಅಂತ ಹೇಳಿ, ಮುಖ ಆಚೆ ತಿರುಗಿಸಿಕೊಂಡರು. ಐವತ್ತು ದಾಟಿದ ಗಂಡಸನ್ನು ಹೇಗೆ ಸಮಾಧಾನ ಮಾಡಬೇಕೆಂದು ನನಗೆ ತಿಳಿಯಲಿಲ್ಲ.

ತಮ್ಮ ಬಂದದ್ದರಿಂದ ಅತ್ತೆಗೆ ಉಪಯೋಗವೇನೂ ಆಗಲಿಲ್ಲ. ಅವರ ಲೆಕ್ಕಕ್ಕೆ ತಮ್ಮ ಇನ್ನೂ ಅಂಗಳದಲ್ಲಿ ಆಡುವ ಹುಡುಗ. “ಕೋಣ್ ಹಾ ಮ್ಹಾತಾರಾ?” ಅಂತ ಕೇಳಿದರು, ಯಾರಿವನು ಮುದುಕ? ಸೋದರಮಾವ ನಗಲು ಹೋಗಿ ನಗಲಾರದೆ ಎದ್ದು ಬಂದರು. ಅಡುಗೆಮನೆಯಲ್ಲಿ ಚಹಾ ಕುಡಿಯುತ್ತ ಒಂದು ಸಂಗತಿ ಹೇಳಿದರು. ನನ್ನ ಗಂಡ ಹುಟ್ಟಿದಾಗ ಅತ್ತೆ ತೊಟ್ಟಿಲು ತೂಗುತ್ತ ತವರಿನ ಮಾತಿನಲ್ಲಿ ಮಗುವನ್ನು ಮುದ್ದಿಸಿದ್ದರಂತೆ. ಫೋಟೊದಲ್ಲಿದ್ದ ಆಯಿ ಬಂದು ಕೂಸನ್ನು ಎತ್ತಿಕೊಂಡು ಹೋಗಿ, ನಿನ್ನ ಮಾತು ಇದರ ಕಿವಿಗೆ ಬಿದ್ದರೆ ಕೂಸು ನಿನಗಿಲ್ಲ ಅಂದರಂತೆ. ಹಾಲೂಡಿಸಲು ಮಾತ್ರ ಕೊಟ್ಟು, ಪಕ್ಕದಲ್ಲೇ ಕೂತು ಕಾದರಂತೆ. ಅತ್ತೆ ತವರಿಗೆ ಬಂದಾಗ ಇದನ್ನು ತಾಯಿಗೆ ಹೇಳಿ ಅತ್ತದ್ದನ್ನು ತಮ್ಮ ನೋಡಿದ್ದ.

“ಆಮ್ಯಾಲ?” ಅಂದೆ.

“ಆಮ್ಯಾಲ ಏನೈತವ್ವಾ. ಮುಂದಿನ ಸಲ ಬಂದಾಗ ನಮ್ಮ ಜೋಡಿನೂ ಕನ್ನಡ ಮಾತಾಡಿದ್ಲು. ನಮಗ ನಗಿ ಬಂತು.”

ನನಗೆ ಸಿಟ್ಟು ಬಂತು. ಸತ್ತುಹೋದ ಆ ಹೆಂಗಸಿನ ಮೇಲೆ ಬಂತು, ಸುಮ್ಮನೆ ಒಪ್ಪಿಕೊಂಡ ಅತ್ತೆಯ ಮೇಲೂ ಬಂತು. ‘ಯಾದ್’ ಅಂದದ್ದಕ್ಕೆ ನನ್ನನ್ನು ಹಿಂಡಿದರಲ್ಲ, ತಾವು ಪಟ್ಟ ಪಾಡನ್ನು ಒಂದು ದಿನವಾದರೂ ನನಗೆ ಹೇಳಬಾರದಿತ್ತೆ? ಹೇಳಿದ್ದರೆ ನಾವಿಬ್ಬರೂ ಕೂಡಿ ಆ ಫೋಟೊದ ಜೊತೆ ಜಗಳವಾಡಬಹುದಿತ್ತು. ಈಗ ಯಾರ ಜೊತೆ ಆಡಲಿ? ಜಗಳವಾಡುತ್ತಿದ್ದ ಹೆಂಗಸು ಹೋಗಿಬಿಟ್ಟಿದ್ದರು. ಹಾಸಿಗೆಯಲ್ಲಿ ಇದ್ದದ್ದು ನಾನೆಂದೂ ಕಾಣದ ಒಂದು ಹುಡುಗಿ.

ಅದೇ ವಾರ ಕಾಲೇಜಿನಲ್ಲಿ ಪಾಠ ಮುಂದುವರಿಸಬೇಕಿತ್ತು. ಇಟಲಿ ಒಂದಾದಾಗ ಇವತ್ತು ನಾವು ಇಟಾಲಿಯನ್ ಅನ್ನುವ ಭಾಷೆ ಅಲ್ಲಿಯ ಬಹುಪಾಲು ಜನಕ್ಕೆ ಬರುತ್ತಿರಲಿಲ್ಲ, ಪ್ರತಿ ಸೀಮೆಗೂ ಅದರದೇ ಮಾತಿತ್ತು ಅಂತ ಹೇಳಿದೆ. ಫ್ರಾನ್ಸಿನ ಕೆಲವು ಸೀಮೆಗಳಲ್ಲಿ ಶಾಲೆಗೆ ಬಂದ ಮಕ್ಕಳು ಮನೆಮಾತು ಆಡಿದರೆ ಕೊರಳಿಗೆ ಒಂದು ಮರದ ತುಂಡು ತೂಗುಹಾಕುತ್ತಿದ್ದರು, ಇನ್ನೊಬ್ಬ ಹಾಗೆ ಮಾತಾಡಿ ಸಿಕ್ಕಿಬೀಳುವ ತನಕ ಅದು ಇಳಿಯುತ್ತಿರಲಿಲ್ಲ ಅಂತಲೂ ಹೇಳಿದೆ. ಮುಂಚೆ ಇದನ್ನೆಲ್ಲ ರಾಷ್ಟ್ರ ಕಟ್ಟುವ ಕೆಲಸ ಅನ್ನುವ ತಲೆಬರಹದ ಕೆಳಗೆ ಬೋರ್ಡಿನ ಮೇಲೆ ಬರೆಯುತ್ತಿದ್ದೆ. ಆ ದಿನ ಸೀಮೆಸುಣ್ಣ ಕೈಯಲ್ಲೇ ಉಳಿಯಿತು. ಮುಂದಿನ ಬೆಂಚಿನ ಹುಡುಗಿ ಕೈಯೆತ್ತಿದಳು.

“ಮೇಡಮ್, ಹುಡುಗರು ಹೊಸಾ ಭಾಷಾ ಕಲತ್ರು, ಖರೆ. ಅವರ ಅವ್ವಂದಿರು ಯಾರ ಜೋಡಿ ಮಾತಾಡಿದ್ರರಿ?”

“ಪುಸ್ತಕದಾಗ ಇಲ್ಲವ್ವಾ” ಅಂದೆ. ಗಂಟೆ ಹೊಡೆಯಲು ಇನ್ನೂ ಹೊತ್ತಿತ್ತು, ಆದರೂ ಹಾಜರಿ ಕೂಗಿ ಬಿಟ್ಟುಬಿಟ್ಟೆ.

ಸೋದರಮಾವ ಊರಿಗೆ ಹೊರಟುನಿಂತರು. ಹೊಲ, ದನ, ಸಕ್ಕರೆ ಕಾಯಿಲೆಯ ಹೆಂಡತಿ, ಎಲ್ಲ ಅಲ್ಲಿದ್ದಾಗ ಅವರು ಎಷ್ಟು ದಿನ ಕೂತಾರು? ಹೋಗುವ ಮುನ್ನ, ಮರಾಠಿಯಲ್ಲಿ ಕರೆದರೆ ಉಂಡಾಳು ಅಂತ ನನಗೆ ನಾಲ್ಕು ಮಾತು ಕಲಿಸಿದರು. ಹೋದ ಮೇಲೆ ಮೊಬೈಲಿನಲ್ಲಿ ತಮ್ಮ ದನಿಯಲ್ಲೇ ಮಾತು ತುಂಬಿಸಿ ಕಳಿಸುತ್ತಿದ್ದರು. ಮೊದಲು ಆ ಮೊಬೈಲನ್ನೇ ಅತ್ತೆಯ ಕಿವಿಗೆ ಹಿಡಿದು ನೋಡಿದೆ. ಹೆದರಿ ಕೈಯಿಂದ ಹೊಡೆದು ಬೀಳಿಸಿದರು. ಗಂಡ ಹೇಳಿ ನೋಡಿದರು. ಗಂಡಸಿನ ದನಿ ಕೇಳಿದರೆ ಗೋಡೆಗೆ ಮುಖ ಮಾಡುತ್ತಿದ್ದರು. ಮಗಳು ಹೇಳಿದರೆ ಸಣ್ಣ ಹುಡುಗಿಯೆಂದು ಲೆಕ್ಕಕ್ಕೇ ತಗೊಳ್ಳಲಿಲ್ಲ. ಮನೆಯಲ್ಲಿ ಉಳಿದವಳು ನಾನೊಬ್ಬಳೇ.

ನನಗೆ ಆಗದ ಕೆಲಸ ಅದು. ಸುಳ್ಳು ಹೇಳಬೇಕೆಂದಲ್ಲ, ಸುಳ್ಳು ಬೇಕಾದಷ್ಟು ಹೇಳಿದ್ದೇನೆ. ಇಷ್ಟು ವರ್ಷ ಎದುರು ಮಾತಾಡಿದ ಹೆಂಗಸಿಗೆ ನಾನು ತಾಯಿಯಾಗುವುದೆಂದರೇನು? ಆದರೆ ಅವರ ಮಣಿಕಟ್ಟು ಸೊರಗಿ ಬಳೆ ಮೊಣಕೈಗೆ ಜಾರುತ್ತಿತ್ತು. ಒಂದು ಮುಂಜಾನೆ ನುಚ್ಚನ್ನು ಮಜ್ಜಿಗೆಯಲ್ಲಿ ಕಲಸಿಕೊಂಡು, ಬಾಗಿಲಿನಿಂದಲೇ ಹೊಸದಾಗಿ ಬಂದವಳಂತೆ ಒಳಗೆ ಹೋಗಿ, “ಮೀ ಆಲೇ” ಅಂದೆ. ನಾನು ಬಂದೆ.

ಅತ್ತೆ ನನ್ನನ್ನು ನೋಡಿದರು. ಅವರ ಕಣ್ಣಲ್ಲಿ ಬಂದ ಸಂತೋಷವನ್ನು ನೋಡಿ ನನಗೆ ಓಡಿಹೋಗಬೇಕು ಅನ್ನಿಸಿತು. “ಆಯಿ” ಅಂತ ಎಡಗೈ ಚಾಚಿದರು. “ಜೇವ್ ಬಾಳ್” ಅಂದೆ. ಉಣ್ಣು ಮಗಾ. ಬಾಯಿ ತೆರೆದರು. ಬಟ್ಟಲು ಖಾಲಿಯಾಗುವ ತನಕ ಉಂಡರು. ಬಾಗಿಲಾಚೆ ನಿಂತಿದ್ದ ನನ್ನ ಗಂಡ ಗೋಡೆಗೆ ಒರಗಿ ಕೂತುಬಿಟ್ಟರು.

ಅಂದಿನಿಂದ ದಿನಾ ಇದೇ ನಡೆಯಿತು. ಜೀವ ಉಳಿಯಿತು, ಮೈಗೆ ಸ್ವಲ್ಪ ಬಣ್ಣ ಬಂತು. ಓಣಿಯವರು ನನ್ನನ್ನು ಹೊಗಳತೊಡಗಿದರು. ನನಗೆ ಅದರಲ್ಲಿ ಯಾವ ಸುಖವೂ ಇರಲಿಲ್ಲ. ಅವರು ನನ್ನ ಕೆನ್ನೆ ಸವರುತ್ತಿದ್ದರು, ನನ್ನ ಸೆರಗು ಹಿಡಿದು ಮಲಗುತ್ತಿದ್ದರು. ಇಷ್ಟು ವರ್ಷದಲ್ಲಿ ಒಮ್ಮೆಯೂ ಸಿಗದಿದ್ದ ಪ್ರೀತಿ ಸಿಗುತ್ತಿತ್ತು, ಅದರಲ್ಲಿ ಒಂದು ಚೂರೂ ನನ್ನದಲ್ಲ. ಅವರು ಮಾತಾಡುತ್ತಲೇ ಇರುತ್ತಿದ್ದರು. ನಾನು “ಹೋ, ಹೋ” ಅನ್ನುತ್ತಿದ್ದೆ, ಹೌದು ಹೌದು. ಸಂಜೆ ಸೋದರಮಾವನಿಗೆ ಫೋನು ಮಾಡಿ, ಕಿವಿಗೆ ಬಿದ್ದ ಶಬ್ದಗಳನ್ನು ಒಪ್ಪಿಸಿ ಅರ್ಥ ಕೇಳುತ್ತಿದ್ದೆ. ಬೇಸಿಗೆ ಕಳೆಯುವಷ್ಟರಲ್ಲಿ ಫೋನಿಲ್ಲದೆಯೂ ಅರ್ಧ ತಿಳಿಯತೊಡಗಿತು. ತಿಳಿಯದಿದ್ದಾಗಲೇ ಚೆನ್ನಾಗಿತ್ತು.

ಒಂದು ದಿನ ಉಣಿಸುತ್ತಿದ್ದೆ. ಅರ್ಧ ಬಟ್ಟಲಿಗೆ ಅವರು ತುಟಿ ಮುಚ್ಚಿದರು. ಏನಾಯಿತೆಂದು ನೋಡಿದೆ. ಮದುವೆ ಗೊತ್ತಾಗಿದೆಯಂತೆ, ಗಂಡಿನ ಊರು ದೂರವಂತೆ, ಅಲ್ಲಿ ಎಲ್ಲರೂ ಕಾನಡೀ ಆಡುತ್ತಾರಂತೆ. ಕಾನಡೀ ಅಂದರೆ ನಮ್ಮ ಕನ್ನಡ. ತೊದಲುತ್ತ ತೊದಲುತ್ತ ಇಷ್ಟು ಹೇಳಿ, ನನ್ನ ಕೈ ಗಟ್ಟಿಯಾಗಿ ಹಿಡಿದುಕೊಂಡು ಕೇಳಿದರು.

“ಆಯಿ, ತಿಥಂ ಮಾಝ್ಯಾಶೀ ಕೋಣ್ ಬೋಲೇಲ್?”

ಅವ್ವಾ, ಅಲ್ಲಿ ನನ್ನ ಜೋಡಿ ಯಾರು ಮಾತಾಡ್ತಾರ?

ಒಂದೊಂದು ಶಬ್ದವೂ ತಿಳಿಯಿತು. ಯಾರನ್ನೂ ಕೇಳುವ ಅಗತ್ಯ ಬೀಳಲಿಲ್ಲ. ಉತ್ತರವೂ ನನಗೆ ಗೊತ್ತಿತ್ತು, ಏಕೆಂದರೆ ಆ ‘ಅಲ್ಲಿ’ಯಲ್ಲೇ ನಾನು ಕೂತಿದ್ದೆ, ಅವರು ಮಲಗಿದ್ದ ಕೋಣೆ ಅದೇ ಮನೆಯದು. ನನಗೆ ಬರುತ್ತಿದ್ದ ಅಷ್ಟಿಷ್ಟು ಮರಾಠಿಯನ್ನೆಲ್ಲ ತಡಕಾಡಿ, “ಮೀ ಬೋಲೇನ್” ಅಂದೆ, ನಾನು ಮಾತಾಡ್ತೇನಿ.

ಅತ್ತೆಯ ಮುಖದ ಸೊಟ್ಟಗಾಗದ ಅರ್ಧದಲ್ಲಿ ಒಂದು ಸಣ್ಣ ನಗು ಬಂತು, ದೊಡ್ಡವರು ಸುಳ್ಳು ಹೇಳಿದ್ದು ತಿಳಿದ ಮಕ್ಕಳಿಗೆ ಬರುವಂಥದ್ದು.

“ತೂ ತರ್ ಇಥಂಚ್ ರಾಹಣಾರ್” ಅಂದರು. ನೀನಂತೂ ಇಲ್ಲೇ ಉಳಿಯುವವಳು.

ಆಮೇಲೆ, ಹಟ ಮಾಡಿ ಉಪಯೋಗವಿಲ್ಲ ಅನ್ನುವ ಹಾಗೆ, ತಾವಾಗಿಯೇ ಬಾಯಿ ತೆರೆದರು. ನಾನು ಉಳಿದದ್ದನ್ನು ಉಣಿಸಿದೆ.